ಒಂದು ಶಾಲೆಗೆ ಇಬ್ಬರು ಸಂಚಾಲಕರು: ದಾವೆ ಹೂಡುವ ಮುನ್ನ

ಮಹಾಸಭೆಯಲ್ಲಿ ಜಟಾಪಟಿಯಾಗಿ ಒಂದು ಬಣ ಎದ್ದುಹೋಗಿ ಬೇರೆಯೇ ಸಭೆ ನಡೆಸಿ ತನ್ನದೇ ಪದಾಧಿಕಾರಿಗಳನ್ನು ಆರಿಸುತ್ತದೆ. ಮರುದಿನ ಶಾಲೆಗೆ ಇಬ್ಬರು ಸಂಚಾಲಕರು. ಆಗ ಮೊದಲು ನೋಡಬೇಕಾದ್ದು ಶಾಲೆ ನಡೆಸುವುದು ಸಂಘವೋ ಟ್ರಸ್ಟೋ ಎಂಬುದನ್ನು. ಮಂಗಳೂರು, ಉಡುಪಿ ಕಡೆಯ ಹಳೆಯ ವಿದ್ಯಾಸಂಘಗಳ ನೋಂದಣಿ ಪತ್ರದಲ್ಲಿ 1860ರ ಸಂಘಗಳ ನೋಂದಣಿ ಕಾಯ್ದೆ ಎಂದಿರುವುದುಂಟು. 1956ರ ತನಕ ಈ ಕರಾವಳಿಯ ನಾವು ಮದ್ರಾಸ್ ರಾಜ್ಯದವರು ತಾನೆ. ಈಗ ಅವಕ್ಕೂ ಅನ್ವಯವಾಗುವುದು 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯೇ.

ಸಂಘವಾದರೆ ಜಿಲ್ಲಾ ಸಂಘಗಳ ನೋಂದಣಾಧಿಕಾರಿ ಕಚೇರಿಯಿಂದ ಬೈಲಾ, ಅದರ ತಿದ್ದುಪಡಿಗಳು, ತಕರಾರಿಲ್ಲದ ಕೊನೆಯ ವರ್ಷದ ಪದಾಧಿಕಾರಿಗಳ ಪಟ್ಟಿ, ಇವುಗಳ ದೃಢೀಕೃತ ನಕಲು ತೆಗೆಸಿ. ತಮ್ಮ ಪಟ್ಟಿ ಅಲ್ಲಿ ಫೈಲಾದರೆ ಗೆದ್ದಂತೆ ಎಂದು ಹಲವರು ಬೀಗುತ್ತಾರೆ. 1960ರ ಕಾಯ್ದೆಯ 25ನೇ ಸೆಕ್ಷನ್ನಿನಡಿ ಆ ನೋಂದಣಾಧಿಕಾರಿ ವಿಚಾರಣೆ ನಡೆಸಬಹುದು, ನಿಜ. ಚುನಾವಣೆ ಊರ್ಜಿತವೇ ಅಲ್ಲವೇ ಎಂದು ತೀರ್ಮಾನಿಸುವುದು ಸಿವಿಲ್ ಕೋರ್ಟ್. ಸಾರ್ವಜನಿಕ ಟ್ರಸ್ಟಿನ ಟ್ರಸ್ಟಿಯನ್ನು ತೆಗೆಸಬೇಕೆಂದಿದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 92ನೇ ಸೆಕ್ಷನ್: ಹಿತಾಸಕ್ತಿಯುಳ್ಳ ಕನಿಷ್ಠ ಇಬ್ಬರು ಸೇರಿ, ಜಿಲ್ಲಾ ನ್ಯಾಯಾಲಯದ ಅನುಮತಿ ಪಡೆದೇ ದಾವೆ ಹೂಡಬೇಕು. ಅನುಮತಿ ಇಲ್ಲದ ದಾವೆ ಬಿದ್ದುಹೋಗುತ್ತದೆ.

ದಾವೆಯಲ್ಲಿ ‘ಆ ಚುನಾವಣೆ ಅಸಿಂಧು’ ಎಂಬ ಘೋಷಣೆಯೊಂದನ್ನೇ ಕೇಳಿದರೆ ಸಾಲದು. ಎದುರು ಬಣ ಆಡಳಿತ ನಡೆಸದಂತೆ ಪ್ರತಿಬಂಧಕಾಜ್ಞೆಯನ್ನೂ ಕೇಳಿ. ಕೇಳಬಹುದಾದ ಮುಂದಿನ ಪರಿಹಾರ ಬಿಟ್ಟವರಿಗೆ ಬರೀ ಘೋಷಣೆ ಸಿಗದು.

ಕೇಸು ಸಾಮಾನ್ಯವಾಗಿ ನಿಲ್ಲುವುದೂ ಬೀಳುವುದೂ ಸಭೆಯ ನೋಟಿಸಿನ ಮೇಲೆ. ಬೈಲಾ ‘ಪೂರ್ಣ 14 ದಿನ ಮುಂಚಿತವಾಗಿ’ ಎಂದಿದ್ದರೆ ನೋಟಿಸು ಕೊಟ್ಟ ದಿನವೂ ಸಭೆಯ ದಿನವೂ ಲೆಕ್ಕಕ್ಕಿಲ್ಲ: ಜೂನ್ 1ಕ್ಕೆ ಕೊಟ್ಟರೆ 16ಕ್ಕೆ ಮುಂಚೆ ಸಭೆ ಕೂಡದು. ಅಂಚೆಯಲ್ಲಿ ಕಳಿಸಬೇಕೆಂದಿರುವಾಗ ವಾಟ್ಸಾಪ್ ಗುಂಪಿಗೆ ಹಾಕಿ ಸುಮ್ಮನಾದರೆ ಎದುರಿನ ವಕೀಲರಿಗೆ ಹಬ್ಬ. ಅಂಚೆ ರಶೀದಿ, ರವಾನೆ ಪುಸ್ತಕ, ಹಾಜರಿ ಸಹಿ, ನಿರ್ಣಯ ಪುಸ್ತಕ ಒಂದಕ್ಕೊಂದು ತಾಳೆಯಾಗಬೇಕು. ಹಾಜರಿಯಲ್ಲಿ 43 ಸಹಿ, ನಿರ್ಣಯದಲ್ಲಿ 51 ಮತ ಎಂದಿದ್ದರೆ ಪಾಟೀಸವಾಲಿನಲ್ಲಿ ಉತ್ತರವಿರದು. ಚುನಾವಣೆಗೆ ತುಸು ಮುಂಚೆ ಸೇರಿಸಿದ ಸದಸ್ಯರ ಶುಲ್ಕದ ರಶೀದಿಗಳನ್ನೂ ಜೋಡಿಸಿಡಿ.

ಘೋಷಣೆಯ ದಾವೆಗೆ ಕಾಲಮಿತಿ ಮೂರು ವರ್ಷ. ಆದರೆ ಆರು ತಿಂಗಳು ಕೂತು ಬಂದವರಿಗೆ ತಡೆಯಾಜ್ಞೆ ಸಿಗುವುದು ಕಷ್ಟ. ಎದುರು ಬಣ ಏಕಪಕ್ಷೀಯ ಆದೇಶ ತರುವ ಸುಳಿವಿದ್ದರೆ ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಕೊಡಬೇಡಿ ಎಂಬ ಮುನ್ನರ್ಜಿ) ಹಾಕಿ. 90 ದಿನ ಮಾತ್ರ ಅದರ ಆಯುಷ್ಯ. ನೀವೇ ಏಕಪಕ್ಷೀಯ ತಡೆಯಾಜ್ಞೆ ತಂದರೆ ಅರ್ಜಿ, ಪ್ರಮಾಣಪತ್ರ, ದಾಖಲೆಗಳ ಪ್ರತಿಯನ್ನು ಅಂದೇ ಅಥವಾ ಮರುದಿನವೇ ಎದುರಿನವರಿಗೆ ಕಳಿಸಬೇಕು. ಅದನ್ನು ಮರೆತು ಆದೇಶ ಕಳೆದುಕೊಂಡವರಿದ್ದಾರೆ.

ಇನ್ನು ಬ್ಯಾಂಕ್. ಎರಡೂ ಬಣ ಪತ್ರ ಕೊಟ್ಟೊಡನೆ ಬ್ಯಾಂಕಿನವರು ಖಾತೆ ತಡೆಹಿಡಿಯುತ್ತಾರೆ. ಅನುದಾನರಹಿತ ಶಾಲೆಯಲ್ಲಿ ತಿಂಗಳ ಕೊನೆಗೆ ಸಂಬಳವಿಲ್ಲ, ಬಸ್ಸಿಗೆ ಡೀಸೆಲ್ ಇಲ್ಲ. ಆದ್ದರಿಂದ ಮಧ್ಯಂತರ ಅರ್ಜಿಯಲ್ಲೇ ಸಂಬಳ, ಪಿಎಫ್, ವಿದ್ಯುತ್ ಬಿಲ್ಲುಗಳಿಗಷ್ಟೇ ಮುಖ್ಯೋಪಾಧ್ಯಾಯರು ಮತ್ತು ಎರಡೂ ಬಣದ ಒಬ್ಬೊಬ್ಬರ ಜಂಟಿ ಸಹಿಯಲ್ಲಿ ಹಣ ತೆಗೆಯಲು ಅವಕಾಶ ಕೇಳಿ, ತಿಂಗಳ ಮೊತ್ತದ ಪಟ್ಟಿ ಲಗತ್ತಿಸಿ.