ವಾರ್ಲಾಕ್ ಆಡುವವರಿಗೆ: ಯಾವ ಪೆಟ್ ಯಾವಾಗ?

ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಕ್ಲಾಸಿಕ್‌ನಲ್ಲಿ ಹೊಸ ವಾರ್ಲಾಕ್‌ಗಳು (ಭೂತಗಳನ್ನು ಪೆಟ್ ಆಗಿ ಕರೆದು ಆಡುವ ಮಂತ್ರವಾದಿಗಳು) ಇಂಪ್ ಎಂಬ ಪುಟ್ಟ ಭೂತ ಒಂದನ್ನೇ ನೆಚ್ಚಿಕೊಂಡಿರುತ್ತಾರೆ. ಅದು ದೂರ ನಿಂತು ಬೆಂಕಿ ಎಸೆಯುತ್ತದೆ, ಏಟೆಲ್ಲ ನಿಮಗೇ. ಒಬ್ಬರೇ ಆಡುವಾಗ ಲೆವೆಲ್ 10ರ ಕ್ವೆಸ್ಟ್‌ನಲ್ಲಿ ಸಿಗುವ, ಏಟು ತಾನೇ ತಿನ್ನುವ ಭೂತ ವಾಯ್ಡ್‌ವಾಕರ್ ವಾಸಿ. ಅದನ್ನು ಮುಂದೆ ಬಿಟ್ಟು, ಎರಡು ಏಟು ಹೊಡೆಯುವವರೆಗೆ ಸುಮ್ನೆ ನಿಂತಿರಿ. ಆಮೇಲೆ ಶತ್ರುವಿನ ಮೇಲೆ ಕರಪ್ಶನ್ ಮಂತ್ರ ಹಾಕಿ. ಆತುರಪಟ್ಟು ಮೊದಲೇ ಶ್ಯಾಡೋ ಬೋಲ್ಟ್ ಹೊಡೆದು ನಾನು ಎಷ್ಟು ಸಲ ಸತ್ತಿದ್ದೇನೋ!

ವಾಯ್ಡ್‌ವಾಕರ್ ಕರೆಯಲು ಒಂದು ಸೋಲ್ ಶಾರ್ಡ್ ಖರ್ಚು. ಅದಕ್ಕೇ ಶತ್ರು ಸಾಯುವ ಹೊತ್ತಿಗೆ ಡ್ರೈನ್ ಸೋಲ್ ಮಂತ್ರ ಹಾಕಲು ಮರೆಯಬೇಡಿ, ಶಾರ್ಡ್ ಸಿಗುವುದು ಹಾಗೆ.

ಗುಂಪಾಗಿ ಡಂಜನ್‌ಗೆ ಹೋದರೆ ಇಂಪ್ ಇರಲಿ. ಅದರ ಬ್ಲಡ್ ಪ್ಯಾಕ್ಟ್‌ನಿಂದ ಪಾರ್ಟಿಯವರ ಸ್ಟ್ಯಾಮಿನಾ ಜಾಸ್ತಿಯಾಗುತ್ತದೆ. ಎದುರಿಗೆ ಮೇಜ್ (ಮಂತ್ರ ಹಾಕಿ ಹೋರಾಡುವವನು) ಬಂದರೆ? ಫೆಲ್‌ಹಂಟರ್ ಎಂಬ ಭೂತ. ಸ್ಪೆಲ್ ಲಾಕ್ ಕಲಿಸಿದ್ದರೆ ಅವನ ಮಂತ್ರವನ್ನು ಅರ್ಧಕ್ಕೇ ನಿಲ್ಲಿಸುತ್ತದೆ.