ಅಡ್ಡಹೆಸರಿನ ಸ್ಪೆಲ್ಲಿಂಗ್ ಮೊದಲು, ಇನ್‌ಸ್ಟಾಗ್ರಾಮ್ ಅಕೌಂಟ್ ಆಮೇಲೆ

ನಮ್ಮ ಹುಬ್ಬಳ್ಳಿ-ಧಾರವಾಡ, ಗದಗ ಕಡೆಯವರು ಎಡವುವುದು ಅಡ್ಡಹೆಸರಿನಲ್ಲೇ. ಮೆಣಸಿನಕಾಯಿ, ಉಳ್ಳಾಗಡ್ಡಿ ಅಂಥ ಹೆಸರನ್ನು ಇಂಗ್ಲಿಷಿನಲ್ಲಿ ಮಾರ್ಕ್ಸ್ ಕಾರ್ಡಿನಲ್ಲಿ ಒಂದು ತರಹ, ಆಧಾರ್‌ನಲ್ಲಿ ಇನ್ನೊಂದು ತರಹ ಬರೆದಿರುತ್ತಾರೆ. ಮಾರ್ಕ್ಸ್ ಕಾರ್ಡಿನದನ್ನೇ ಹಿಡಿಯಿರಿ. ಜಿಮೇಲ್, ಲಿಂಕ್ಡ್‌ಇನ್ ಎಲ್ಲ ಕಡೆಯೂ ಅದೇ ಇರಲಿ; ಇಲ್ಲವಾದರೆ ಹುಡುಕಿದವರಿಗೆ ನೀವು ಮೂರು ಬೇರೆ ಮಂದಿ.

ಇನ್‌ಸ್ಟಾಗ್ರಾಮ್ ಯೂಸರ್‌ನೇಮ್‌ಗೆ ಗರಿಷ್ಠ 30 ಅಕ್ಷರ: ಇಂಗ್ಲಿಷ್ ಅಕ್ಷರ, ಅಂಕಿ, ಚುಕ್ಕೆ, ಅಂಡರ್‌ಸ್ಕೋರ್ ಅಷ್ಟೇ. ಪಾಟೀಲರು, ಹಿರೇಮಠರು ಓಣಿಗೆ ಹತ್ತು ಮಂದಿ, ಹಾಗಾಗಿ ಬರೀ ಹೆಸರು ಸಿಗುವುದು ಕಷ್ಟ. ಸಿಗಲಿಲ್ಲವೆಂದು ಹುಟ್ಟಿದ ವರ್ಷ ಅಂಟಿಸಬೇಡಿ, ಪಾಸ್‌ವರ್ಡ್ ಊಹಿಸುವವರಿಗೆ ಅರ್ಧ ದಾರಿ ತೋರಿಸಿದಂತೆ. ಕೆಲಸವನ್ನೋ ಊರನ್ನೋ ಸೇರಿಸಿ. ಹುಬ್ಬಳ್ಳಿಯ ಇಂಗ್ಲಿಷ್ ಹೆಸರು 2014ರ ನವೆಂಬರ್ 1ರಂದು ಅಧಿಕೃತವಾಗಿ ‘Hubballi’ ಆದರೂ ಹಳೇ ‘Hubli’ ಅಂತ ಟೈಪ್ ಮಾಡುವವರು ಬಹಳ. ಒಂದನ್ನು ಯೂಸರ್‌ನೇಮ್‌ನಲ್ಲಿ, ಇನ್ನೊಂದನ್ನು ‘ನೇಮ್’ ಜಾಗದಲ್ಲಿ ಇಡಿ. ಹುಡುಕಾಟ ಎರಡನ್ನೂ ನೋಡುತ್ತದೆ. ‘ನೇಮ್’ನಲ್ಲಿ ಕನ್ನಡವೂ ನಡೆಯುತ್ತದೆ. ಆದರೆ 14 ದಿನದಲ್ಲಿ ಎರಡೇ ಸಲ ಬದಲಿಸಬಹುದು, ಯೋಚಿಸಿ ಹಾಕಿ. ಸ್ಟೈಲಿಶ್ ಫಾಂಟ್ ಮಾತ್ರ ಬೇಡ. ಅವು ನಿಜವಾದ ಅಕ್ಷರಗಳಲ್ಲ, ಗಣಿತದ ಚಿಹ್ನೆಗಳು. ಕಣ್ಣು ಕಾಣದವರ ಫೋನ್ ಅವನ್ನು ಸರಿಯಾಗಿ ಓದುವುದಿಲ್ಲ.

ಬಯೋ, ಅಂದರೆ ನಿಮ್ಮ ಪರಿಚಯದ ಸಾಲು, 150 ಅಕ್ಷರ. ಕನ್ನಡಕ್ಕೆ ಇದು ಬೇಗ ಮುಗಿಯುತ್ತದೆ, ಏಕೆಂದರೆ ಕೊಂಬು, ಗುಡಿಸು, ವಿರಾಮ (ಒತ್ತಕ್ಷರ ಕೂಡಿಸುವ ಗುರುತು) ಎಲ್ಲವೂ ಬೇರೆ ಬೇರೆ ಲೆಕ್ಕ. ‘ಹುಬ್ಬಳ್ಳಿ’ ಕಣ್ಣಿಗೆ ಮೂರಕ್ಷರ. ಬಿಡಿಸಿದರೆ ಹ, ಉಕಾರ, ಬ, ವಿರಾಮ, ಬ, ಳ, ವಿರಾಮ, ಳ, ಇಕಾರ: ಒಟ್ಟು 9. ಆದ್ದರಿಂದ ಒತ್ತಕ್ಷರದ ದೊಡ್ಡ ಪದ ಬಿಟ್ಟು ಮಾತಾಡಿದಂತೆ ಬರೆಯಿರಿ. ‘ಧಾರವಾಡದಾಗ ಕಲಿಯಾಕತ್ತೀನಿ, ಫೋಟೊ ತಗೀತೀನಿ’ ಅಂದರೆ ಸಾಕು, ಮಂದಿಗೆ ನಿಮ್ಮ ದನಿಯೂ ಕೇಳಿಸುತ್ತದೆ.

ಪ್ರೊಫೈಲ್ ಫೋಟೊ ದುಂಡಗೆ ಕತ್ತರಿಸಿಕೊಳ್ಳುತ್ತದೆ. ಉಣಕಲ್ ಕೆರೆ ಮುಂದೆ ದೂರ ನಿಂತರೆ ನೀವು ಇರುವೆ. ಮುಖ ವೃತ್ತದ ಅರ್ಧಕ್ಕಿಂತ ಹೆಚ್ಚಿರಲಿ, ರುಮಾಲು ಸುತ್ತಿದ್ದರೆ ಮೇಲೆ ಒಂದಿಷ್ಟು ಜಾಗ ಬಿಡಿ.

ಮನೆಯವರಿಗೊಂದು, ಊರಿಗೊಂದು ಅಂತ ಎರಡು ಅಕೌಂಟ್ ಇಡುವುದು ತಪ್ಪೇನಲ್ಲ. ಒಂದೇ ಆ್ಯಪ್‌ನಲ್ಲಿ 5 ನಡೆಯುತ್ತವೆ. ಕೆಡುವುದು ಫೋನ್ ನಂಬರಿನಿಂದ. ನೀವು ಕಾಂಟ್ಯಾಕ್ಟ್ಸ್ ಸಿಂಕ್ (ಫೋನಿನಲ್ಲಿರುವ ನಂಬರುಗಳನ್ನು ಆ್ಯಪ್‌ಗೆ ಕೊಡುವುದು) ಆಫ್ ಮಾಡಿದರೂ ಕಾಕಾನ ಫೋನಿನಲ್ಲಿ ನಿಮ್ಮ ನಂಬರ್ ಇದ್ದೇ ಇದೆ, ಅವರು ಸಿಂಕ್ ಮಾಡಿದ್ದರೆ ಎರಡನೇ ಅಕೌಂಟೂ ಅವರ ಮುಂದೆ ಬರಬಹುದು. ಅದಕ್ಕೆ ನಂಬರ್ ಕೊಡದೆ, ಮನೆಯವರಿಗೆ ಗೊತ್ತಿಲ್ಲದ ಇಮೇಲ್‌ನಿಂದ ತೆರೆಯಿರಿ.