ಮೊದಲು ಗ್ರಾಚ್ಯುಟಿ, ಆಮೇಲೆ ಸಂಬಳ

‘ಮೇಷ್ಟ್ರಿಗೆಲ್ಲಿಯ ಗ್ರಾಚ್ಯುಟಿ?’ ಎಂದು ನಕ್ಕವರಲ್ಲಿ ನನ್ನ ಮೊದಲ ವಕೀಲರೂ ಒಬ್ಬರು (ಗ್ರಾಚ್ಯುಟಿ ಎಂದರೆ ಕೆಲಸ ಬಿಟ್ಟಾಗ ಸೇವೆಯ ವರ್ಷಗಳ ಲೆಕ್ಕದಲ್ಲಿ ಸಿಗುವ ಇಡಿಗಂಟು). ಈಗ ಅವರೇ ಸಂಬಳ ಸಿಗದ ಲೆಕ್ಚರರ್‌ಗಳನ್ನು ನನ್ನ ಹತ್ತಿರ ಕಳಿಸುತ್ತಾರೆ. ಬಾಕಿ ಸಂಬಳ ಪಡೆದದ್ದು ಹೇಗೆಂದು ಪ್ರತಿಯೊಬ್ಬರಿಗೂ ಹೇಳಿ ಸಾಕಾಯಿತು, ಅದಕ್ಕೇ ಬರೆಯುತ್ತಿದ್ದೇನೆ.

ನಾನಿದ್ದದ್ದು ಕೊಡಗಿನ ಒಂದು ಅನುದಾನರಹಿತ ಡಿಗ್ರಿ ಕಾಲೇಜಿನಲ್ಲಿ. 12 ವರ್ಷ ಕಾಮರ್ಸ್ ಪಾಠ, ಕೊನೆಗೆ ಬೇಸಿಕ್ 22 ಸಾವಿರ. 2020ರ ಜೂನ್‌ನಿಂದ ಸಂಬಳ ನಿಂತಿತು. ಆನ್‌ಲೈನ್ ಕ್ಲಾಸ್ ನಿಲ್ಲಲಿಲ್ಲ. ನೆಟ್‌ವರ್ಕ್ ಹುಡುಕಿಕೊಂಡು ಮಳೆಯಲ್ಲಿ ತೋಟದ ದಿಣ್ಣೆ ಹತ್ತಿ, ಒಂದು ಕೈಯಲ್ಲಿ ಕೊಡೆ ಹಿಡಿದು ಪಾಠ ಮಾಡಿದ್ದೇನೆ. ‘ಫೀಸ್ ಬರಲಿ ಮೇಷ್ಟ್ರೇ, ಕೊಡೋಣ’ ಎನ್ನುತ್ತಲೇ 11 ತಿಂಗಳಾಯಿತು. 2021ರ ಮೇನಲ್ಲಿ ರಾಜೀನಾಮೆ ಕೊಟ್ಟೆ. ಆ ವರ್ಷ ಗೆಳೆಯನ ತೋಟದಲ್ಲಿ ಕಾಫಿ ಕುಯ್ಲಿನ ಲೆಕ್ಕ ಬರೆದೇ ಮನೆ ನಡೆಯಿತು.

ಮೊದಲು ಕಾರ್ಮಿಕ ನ್ಯಾಯಾಲಯ ಎಂದುಕೊಂಡೆ. ಅದು ಆಗಲಿಲ್ಲ. ಆಗಿದ್ದ ಕೈಗಾರಿಕಾ ವಿವಾದ ಕಾಯ್ದೆಯಲ್ಲಿ ಮೇಷ್ಟ್ರು ಕಾರ್ಮಿಕನಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿಬಿಟ್ಟಿದೆ. ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗೋಣವೆಂದರೆ ನನ್ನನ್ನು ಯಾರೂ ವಜಾ ಮಾಡಿರಲಿಲ್ಲ, ಮೇಲ್ಮನವಿಗೆ ಆದೇಶವೇ ಇಲ್ಲ. ಕೊನೆಗೆ ಬೆಂಗಳೂರಿಗೆ ಹೋಗಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದೆ. ರಾತ್ರಿ ಬಸ್ಸು, ಲಾಡ್ಜು, ವಕೀಲರ ಫೀಸು ಎಲ್ಲಾ ಸೇರಿ 45 ಸಾವಿರದ ಹತ್ತಿರ ಹೋಯಿತು. ಸಿಕ್ಕ ಉತ್ತರ: ಸಿವಿಲ್ ಕೋರ್ಟಿಗೆ ಹೋಗಿ. ಹೆಂಡತಿ ಒಂದು ವಾರ ನನ್ನ ಹತ್ತಿರ ದುಡ್ಡಿನ ಮಾತೇ ಎತ್ತಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು.

2022ರ ಆಗಸ್ಟ್ ಕೊನೆಗೆ ದಾರಿ ಕಂಡಿತು. ಗ್ರಾಚ್ಯುಟಿ ಕಾಯ್ದೆಯ 2009ರ ತಿದ್ದುಪಡಿ ಮೇಷ್ಟ್ರುಗಳನ್ನೂ ಗ್ರಾಚ್ಯುಟಿಯೊಳಗೆ ತಂದಿತ್ತು, ಅದೂ 1997ರ ಏಪ್ರಿಲ್ 3ರಿಂದ ಅನ್ವಯವಾಗುವಂತೆ. ಖಾಸಗಿ ಶಾಲೆಗಳು ಅದನ್ನು ಪ್ರಶ್ನಿಸಿ ಆಗಷ್ಟೇ ಸುಪ್ರೀಂ ಕೋರ್ಟ್‌ನಲ್ಲಿ ಸೋತವು. ನನ್ನ ಲೆಕ್ಕ: 22 ಸಾವಿರ ಗುಣಿಸು 15, ಭಾಗಿಸು 26, ಗುಣಿಸು 12. ಒಂದೂವರೆ ಲಕ್ಷಕ್ಕಿಂತ ಸ್ವಲ್ಪ ಜಾಸ್ತಿ. ಗ್ರಾಚ್ಯುಟಿ ಕೇಳುವ ಅರ್ಜಿ, ಫಾರಂ ಐ, ಮ್ಯಾನೇಜ್‌ಮೆಂಟಿಗೆ ಕಳಿಸಿದೆ, ಉತ್ತರವಿಲ್ಲ. ಅವರು ಕೊಡಲಿಲ್ಲವೆಂಬ ಅರ್ಜಿ, ಫಾರಂ ಎನ್, ಕಾರ್ಮಿಕ ಇಲಾಖೆಯ ನಿಯಂತ್ರಣ ಪ್ರಾಧಿಕಾರಕ್ಕೆ (ಗ್ರಾಚ್ಯುಟಿ ತಕರಾರು ತೀರ್ಮಾನಿಸುವ ಅಧಿಕಾರಿ) ಹಾಕಿದೆ, ಜೊತೆಗೆ ತಡವಾದದ್ದಕ್ಕೆ ಮನ್ನಾ ಅರ್ಜಿ.

ನನಗೆ ಬೇಕಿದ್ದದ್ದು ಬರೀ ಆ ಒಂದೂವರೆ ಲಕ್ಷ ಅಲ್ಲ, ಮ್ಯಾನೇಜ್‌ಮೆಂಟಿನವರ ಬಾಯಿಂದ ಒಂದು ಮಾತು. ಗ್ರಾಚ್ಯುಟಿ ಕಡಿಮೆ ಮಾಡಬೇಕಾದರೆ ಅವರು ನನ್ನ ಸಂಬಳ ಎಷ್ಟೆಂದು ತೋರಿಸಲೇಬೇಕು. ‘ಬೇಸಿಕ್ 22 ಅಲ್ಲ, 18’ ಎಂದು ವಾದಿಸಿ, ಸಾಬೀತಿಗೆ ಅಕ್ವಿಟೆನ್ಸ್ ರಿಜಿಸ್ಟರ್ (ಸಂಬಳ ಪಡೆದದ್ದಕ್ಕೆ ಸೈನ್ ಹಾಕುವ ಪುಸ್ತಕ) ತಂದಿಟ್ಟರು. ಹಸಿರು ಬಟ್ಟೆಯ ರಟ್ಟು, ಅಂಚಿನಲ್ಲಿ ಗೆದ್ದಲು. 2020ರ ಮೇವರೆಗೆ ಪ್ರತಿ ತಿಂಗಳೂ ಒಂದು ರೂಪಾಯಿಯ ರೆವೆನ್ಯೂ ಸ್ಟ್ಯಾಂಪ್, ಅದರ ಮೇಲೆ ಅಡ್ಡಡ್ಡ ನನ್ನ ಸೈನು. ಆಮೇಲಿನ 11 ಸಾಲಲ್ಲಿ ನನ್ನ ಹೆಸರಿದೆ, 22,000 ಎಂದಿದೆ, ಸೈನಿನ ಜಾಗ ಖಾಲಿ, ಅಂದರೆ ಸಂಬಳ ಕೊಟ್ಟಿಲ್ಲ. ಅವರ 18 ಸಾವಿರದ ವಾದವೂ ಅಲ್ಲೇ ಬಿತ್ತು. ದೃಢೀಕೃತ ನಕಲು ತೆಗೆಸಲು ಒಂದು ಗಂಟೆಯೂ ತಡಮಾಡಲಿಲ್ಲ. ಅವರೇ ರಿಜಿಸ್ಟರ್ ತರುವ ಹಾಗೆ ಅರ್ಜಿಯಲ್ಲಿ ಯಾವ ಸಾಲು ಬರೆದಿದ್ದೆ ಎಂದು ಮಾತ್ರ ಇಲ್ಲಿ ಹೇಳುವುದಿಲ್ಲ. ಎದುರು ವಕೀಲರೂ ಓದುತ್ತಾರೆ, ಅಲ್ವಾ?

ನಡುವೆ ಇನ್ನೊಂದು ಪ್ರಯೋಗ ಮಾಡಿದೆ. ಹತ್ತು ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ, ಕಾಲೇಜು ವಿಶ್ವವಿದ್ಯಾಲಯದ ಸಂಯೋಜನೆ (ಅಫಿಲಿಯೇಷನ್) ನವೀಕರಣಕ್ಕೆ ಕೊಟ್ಟ ಸಿಬ್ಬಂದಿ ಪಟ್ಟಿ ಕೇಳಿದೆ. ಅದರಲ್ಲಿ ನನ್ನ ಸಂಬಳ 36 ಸಾವಿರ! ವ್ಯತ್ಯಾಸವನ್ನೂ ಕೇಳೋಣ ಎಂದರೆ ವಕೀಲರು ‘ಸುಮ್ನೆ ಇರಿ ಸಾರ್’ ಎಂದರು. ನನಗಿನ್ನೂ ಆಸೆ ಇದೆ.

ಬಾಕಿ ಸಂಬಳ 2.42 ಲಕ್ಷಕ್ಕೆ 2024ರಲ್ಲಿ ಮಡಿಕೇರಿಯಲ್ಲಿ ದಾವೆ ಹಾಕಿದೆ. ‘ಮೂರು ವರ್ಷ ದಾಟಿದೆ, ಕಾಲಮಿತಿ ಮುಗಿದಿದೆ’ ಎಂದು ಎಲ್ಲರೂ ಹೆದರಿಸಿದರು. ಆದರೆ ಕೋವಿಡ್ ಕಾರಣಕ್ಕೆ 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ಕಾಲವನ್ನು ಸುಪ್ರೀಂ ಕೋರ್ಟ್ ಲೆಕ್ಕದಿಂದ ಬಿಟ್ಟಿದೆ. ಕೋರ್ಟ್ ಫೀಸು 16-17 ಸಾವಿರ ಆಯಿತು. ಒಂದು ವಾಯಿದೆ ಮಳೆಗೇ ಹೋಯಿತು, ರಸ್ತೆ ಮೇಲೆ ಮಣ್ಣು ಕುಸಿದು ಯಾರೂ ಬರಲಾಗಲಿಲ್ಲ. ರಿಜಿಸ್ಟರ್ ನಕಲು ಹಾಜರಾದ ಮೇಲೆ ಪಾಟೀ ಸವಾಲಿನಲ್ಲಿ ಅವರಿಗೆ ಕೇಳಲು ಹೆಚ್ಚೇನೂ ಉಳಿಯಲಿಲ್ಲ. ತೀರ್ಪು ಶೇ. 6 ಬಡ್ಡಿ ಸಮೇತ ಬಂತು.

ಗ್ರಾಚ್ಯುಟಿ ಅದಕ್ಕೂ ಮೊದಲೇ ಬಂದಿತ್ತು. ಕೊಡದಿದ್ದರೆ ಭೂಕಂದಾಯದ ಬಾಕಿಯಂತೆ ವಸೂಲಿ ಎಂದು ನೆನಪಿಸಿ ಒಂದು ಪತ್ರ ಬರೆದೆ, ಅಷ್ಟೇ.

ಸಂಬಳದ ಅಸಲು ಅಕೌಂಟಿಗೆ ಬಿದ್ದ ವಾರ ಕಾಲೇಜಿನ ಗುಮಾಸ್ತರು ಅದೇ ಹಸಿರು ರಿಜಿಸ್ಟರ್ ಹಿಡಿದು ಮನೆಗೆ ಬಂದರು. ‘ಸಾರ್, ಆಡಿಟ್ ಇದೆ, ಈ 11 ಕಡೆ ಹಳೇ ತಾರೀಖು ಹಾಕಿ ಸೈನ್ ಮಾಡಿ’ ಎಂದರು. ಕಾಫಿ ಕೊಟ್ಟು ಕಳಿಸಿದೆ. ಸೈನ್ ಮಾಡಲಿಲ್ಲ. ಬಡ್ಡಿ ಇನ್ನೂ ಬಾಕಿ, ಅಮಲ್ಜಾರಿ (ತೀರ್ಪು ಜಾರಿ ಮಾಡಿಸುವ) ಅರ್ಜಿಯ ವಾಯಿದೆ ಮುಂದಿನ ತಿಂಗಳು.